ಸೋತ ಕೇಸನ್ನು ಅದೇ ಕೋರ್ಟಿಗೆ ತರಬಹುದೇ?

ಎಲ್ಲರಿಗೂ ನಮಸ್ಕಾರ.

“ಅಪೀಲು ಅಂದ್ರೆ ಖರ್ಚು ಜಾಸ್ತಿ ವಕೀಲರೇ. ಅದೇ ಕೋರ್ಟಿನಲ್ಲಿ ಇನ್ನೊಮ್ಮೆ ನೋಡಿ ಅಂತ ಕೇಳ್ಲಿಕ್ಕೆ ಆಗೋದಿಲ್ವಾ?” ಜಾಗದ ಕೇಸು ಸೋತವರು ಹೀಗೆ ಕೇಳುವುದುಂಟು. ಕೇಳಬಹುದು. ಅದಕ್ಕೆ ರಿವ್ಯೂ ಅರ್ಜಿ ಎನ್ನುತ್ತಾರೆ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 114ನೇ ಕಲಂ ಮತ್ತು 47ನೇ ಆದೇಶದಲ್ಲಿ ಅದಕ್ಕೆ ಅವಕಾಶ ಇದೆ. ಆದರೆ ತೀರ್ಪು ಸರಿ ಕಾಣಲಿಲ್ಲ ಎಂಬ ಒಂದೇ ಕಾರಣ ಅಲ್ಲಿ ನಡೆಯುವುದಿಲ್ಲ.

ಒಂದು ಕೇಸು ಕಲ್ಪಿಸಿಕೊಳ್ಳಿ. ಪೆರ್ಲದ ಕಡೆ ಒಂದು ಅಡಿಕೆ ತೋಟ. ದೊಡ್ಡಪ್ಪ ಚಿಕ್ಕಪ್ಪನ ಮಕ್ಕಳ ನಡುವೆ ಪಾಲಿನ ತಕರಾರು. ಪ್ರತಿವಾದಿ 1952ರ ಪಾಲುಪಟ್ಟಿ ಹಾಜರುಪಡಿಸಿದ್ದಾನೆ. ಕೋರ್ಟಿನ ಫೈಲಿನಲ್ಲಿ ಅದಕ್ಕೆ ಬಿ3 ಎಂದು ದಾಖಲೆಯ ಗುರುತೂ ಬಿದ್ದಿದೆ. ಆದರೆ ತೀರ್ಪಿನಲ್ಲಿ “ಪಾಲುಪಟ್ಟಿ ಹಾಜರುಪಡಿಸಿಲ್ಲ” ಎಂದು ಬರೆದು, ಅದೇ ಕಾರಣಕ್ಕೆ ಅವನನ್ನು ಸೋಲಿಸಿದ್ದಾರೆ ಅಂತಿಟ್ಟುಕೊಳ್ಳಿ. ಇಲ್ಲಿ ವಾದ ಮಾಡಲಿಕ್ಕೇ ಏನಿಲ್ಲ. ಫೈಲು ಬಿಡಿಸಿ ಬಿ3 ತೋರಿಸಿದರೆ ಸಾಕು. ದಾಖಲೆಯ ಮೇಲೇ ಎದ್ದು ಕಾಣುವ ತಪ್ಪು ಅಂದರೆ ಇದು. ರಿವ್ಯೂಗೆ ಹೇಳಿ ಮಾಡಿಸಿದ ಕೇಸು.

ಈಗ ಸ್ವಲ್ಪ ಬದಲಾಯಿಸೋಣ. ಜಡ್ಜ್ ಬಿ3 ಓದಿದ್ದಾರೆ. ಓದಿ, ತೋಡಿನ ಆಚೆ ಬದಿಯ ಜಾಗ ಇದರಲ್ಲಿ ಸೇರಿಲ್ಲ ಎಂದಿದ್ದಾರೆ. ನಿಮ್ಮ ಪ್ರಕಾರ ಸೇರಿದೆ. ಗಡಿ ಬರೆದ ಸಾಲುಗಳನ್ನು ಹೀಗಲ್ಲ ಹಾಗೆ ಓದಬೇಕು ಎಂದು ಒಂದು ಗಂಟೆ ವಾದ ಮಾಡಬೇಕು. ನಿಮ್ಮ ಮಾತೇ ಸರಿ ಇರಬಹುದು. ಆದರೂ ಅದು ಅಪೀಲಿನ ವಿಷಯ. ವೇಷ ಬದಲಿಸಿ ಬಂದ ಅಪೀಲನ್ನು ರಿವ್ಯೂ ಎಂದು ಒಪ್ಪಲಾಗದು ಎಂಬ ಅರ್ಥದ ಮಾತನ್ನು ಸುಪ್ರೀಂ ಕೋರ್ಟ್ 1997ರಲ್ಲಿ ಪಾರ್ಸಿಯನ್ ದೇವಿ ಕೇಸಿನಲ್ಲಿ ಹೇಳಿದೆ. ಹೆಚ್ಚಿನ ಅರ್ಜಿಗಳು ಬಿದ್ದುಹೋಗುವುದು ಇಲ್ಲೇ.

ಡಿಕ್ರಿಯಲ್ಲಿ, ಅಂದರೆ ತೀರ್ಪಿನಂತೆ ಕೋರ್ಟು ಹೊರಡಿಸುವ ಆದೇಶದಲ್ಲಿ, 32 ಸೆಂಟ್ಸ್ ಬದಲು ಕೈತಪ್ಪಿ 23 ಎಂದು ಬಿದ್ದಿದೆಯಾ? ಅದಕ್ಕೆ ರಿವ್ಯೂ ಬೇಡವೇ ಬೇಡ. ಅದೇ ಸಂಹಿತೆಯ 152ನೇ ಕಲಮಿನಲ್ಲಿ ಯಾವಾಗ ಬೇಕಾದರೂ ತಿದ್ದಿಸಿಕೊಳ್ಳಬಹುದು.

ಇನ್ನೊಂದು ಕಾರಣ ಹೊಸ ದಾಖಲೆ. ನಮ್ಮ ಕಾಸರಗೋಡಿಗೆ ಇದು ಬಹಳ ಹತ್ತಿರದ ವಿಷಯ. 1956ರ ತನಕ ನಾವು ದಕ್ಷಿಣ ಕನ್ನಡ ಜಿಲ್ಲೆಯಲ್ಲಿ ಇದ್ದವರು. ಆ ಕಾಲದ ಕನ್ನಡ ಕಾಗದಪತ್ರಗಳು ಎಷ್ಟೋ ಮನೆಗಳ ಅಟ್ಟದ ಪೆಟ್ಟಿಗೆಯಲ್ಲಿ ಈಗಲೂ ಇವೆ. ಕೇಸು ಸೋತ ಮೇಲೆ ಪೆಟ್ಟಿಗೆ ತೆಗೆಯುತ್ತಾರೆ, ಒಂದು ಪತ್ರ ಸಿಗುತ್ತದೆ. ಆಗ ಕೋರ್ಟು ಕೇಳುವ ಪ್ರಶ್ನೆ ಒಂದೇ: ಮೊದಲೇ ಯಾಕೆ ತೆಗೆಯಲಿಲ್ಲ? ನಿಮ್ಮದೇ ಮನೆ, ನಿಮ್ಮದೇ ಪೆಟ್ಟಿಗೆ. ರಿಜಿಸ್ಟರ್ ಆದ ಪತ್ರವಾದರೆ ಇನ್ನೂ ಕಷ್ಟ, ಯಾಕೆಂದರೆ ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ನಕಲು ಕೇಳಬಹುದಿತ್ತು. ಅದೇ ಪತ್ರ ಮುಂಬೈಯಲ್ಲಿದ್ದ ಸಂಬಂಧಿಕರ ಕೈಯಲ್ಲಿತ್ತು, ಅದು ಇರುವುದೇ ನಿಮಗೆ ಗೊತ್ತಿರಲಿಲ್ಲ, ಹುಡುಕುವಷ್ಟು ಹುಡುಕಿದ್ದೀರಿ ಅಂದರೆ ಮಾತು ಬೇರೆ. ಅದನ್ನೂ ಸುಮ್ನೆ ಹೇಳಿದರೆ ಸಾಲದು, ಗಟ್ಟಿಯಾಗಿ ರುಜುವಾತು ಮಾಡಬೇಕು. ಪತ್ರಕ್ಕೆ ತೀರ್ಪನ್ನು ಬದಲಿಸುವಷ್ಟು ತೂಕವೂ ಬೇಕು.

“ಬೇರೆ ಸಾಕಷ್ಟು ಕಾರಣ” ಎಂದೂ ಕಾನೂನಿನಲ್ಲಿದೆ. ಕೇಳಲು ದೊಡ್ಡದಾಗಿದೆ, ಅಲ್ವಾ? ಆದರೆ ಅದು ಮೊದಲಿನ ಎರಡು ಕಾರಣಗಳ ಜಾತಿಯದ್ದೇ ಆಗಿರಬೇಕು ಎಂದು 1922ರಲ್ಲೇ ಪ್ರಿವಿ ಕೌನ್ಸಿಲ್, ಅಂದರೆ ಬ್ರಿಟಿಷರ ಕಾಲದ ಎಲ್ಲಕ್ಕಿಂತ ಮೇಲಿನ ಕೋರ್ಟು, ಹೇಳಿಯಾಗಿದೆ. ತೀರ್ಪು ಬಂದ ಮೇಲೆ ಬೇರೆ ಯಾರದ್ದೋ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಕಾನೂನಿನ ಅರ್ಥವನ್ನೇ ಬದಲಿಸಿದರೂ ಅದು ರಿವ್ಯೂಗೆ ಕಾರಣ ಆಗುವುದಿಲ್ಲ. ಇದನ್ನು 1976ರ ತಿದ್ದುಪಡಿ ಸ್ಪಷ್ಟ ಮಾಡಿದೆ. ನನಗೆ ಇದು ಸ್ವಲ್ಪ ಕಠಿಣ ಅನಿಸುತ್ತದೆ. ಆದರೆ ಇಲ್ಲದಿದ್ದರೆ ಹಳೆ ಕೇಸುಗಳೆಲ್ಲ ಎದ್ದು ಬಂದಾವು.

ವಾಯಿದೆಯ ವಿಷಯವನ್ನು ದಯವಿಟ್ಟು ಗಮನವಿಟ್ಟು ಕೇಳಿ. ರಿವ್ಯೂಗೆ ಡಿಕ್ರಿಯ ದಿನದಿಂದ 30 ದಿನ. ಅಪೀಲಿಗೆ, ಹೈಕೋರ್ಟಾದರೆ 90 ದಿನ, ಅದಕ್ಕಿಂತ ಕೆಳಗಿನ ಕೋರ್ಟಾದರೆ 30. ರಿವ್ಯೂ ಹಾಕಿದ್ದೇನೆ, ಅದು ಮುಗಿಯುವ ತನಕ ಅಪೀಲಿನ ದಿನ ಓಡುವುದಿಲ್ಲ ಎಂದು ಕೆಲವರು ನಂಬಿ ಕೂರುತ್ತಾರೆ. ಓಡುತ್ತದೆ. ತಡವಾದದ್ದನ್ನು ಮನ್ನಿಸಿ ಎಂದು ಆಮೇಲೆ ಕೇಳಬಹುದು, ಮನ್ನಿಸುವುದು ಬಿಡುವುದು ಕೋರ್ಟಿಗೆ ಬಿಟ್ಟದ್ದು. ಹಾಗಂತ ಮೊದಲು ಅಪೀಲು ಹಾಕಿ ಆಮೇಲೆ ರಿವ್ಯೂ ಕೇಳುತ್ತೇನೆ ಎಂದರೆ ಅದೂ ಇಲ್ಲ. ನೀವೇ ಅಪೀಲು ಹಾಕಿದ್ದರೆ ರಿವ್ಯೂ ಬಾಗಿಲು ಮುಚ್ಚಿತು.

ತೀರ್ಪು ಕೊಟ್ಟ ಜಡ್ಜಿಗೆ ವರ್ಗವಾದರೆ? ಅವರ ಜಾಗಕ್ಕೆ ಬಂದವರು ಕೇಳುತ್ತಾರೆ. ಅದೇ ಜಡ್ಜ್ ಅಲ್ಲೇ ಇದ್ದರೆ ಸಾಮಾನ್ಯವಾಗಿ ಅವರೇ ಕೇಳಬೇಕು. ಅರ್ಜಿ ವಜಾ ಆದರೆ ಆ ಆದೇಶದ ಮೇಲೆ ಅಪೀಲು ಇಲ್ಲ, ರಿವ್ಯೂ ಮೇಲೆ ಇನ್ನೊಂದು ರಿವ್ಯೂ ಕೂಡ ಇಲ್ಲ. ಅರ್ಜಿ ಒಪ್ಪಿದರೋ, ಕೇಸನ್ನು ಮತ್ತೆ ಕೇಳುತ್ತಾರೆ. ಬಿ3 ನೋಡಿದ ಮೇಲೂ ನೀವು ಸೋಲಬಹುದು. ಆಗ ಆ ಹೊಸ ತೀರ್ಪಿನ ಮೇಲೆ ಅಪೀಲು ಹಾಕಲು ದಾರಿ ಇದೆ.

ಇನ್ನು ನಿಮ್ಮ ಪ್ರಶ್ನೆಗಳು. ಪೆಟ್ಟಿಗೆಯಲ್ಲಿ ಪತ್ರ ಸಿಕ್ಕಿದವರು ಯಾರಾದರೂ ಇದ್ದರೆ ಅವರೇ ಮೊದಲು ಕೇಳಲಿ.