ರೆಜಿಮೆಂಟ್ ಎಂದರೆ ಎಷ್ಟು ಜನ?

ಕೇಳುಗರಿಗೆ ನಮಸ್ಕಾರ.

ಪ್ರತಿ ವರ್ಷ ಜುಲೈ 26ರ ಆಸುಪಾಸು, ಕಾರ್ಗಿಲ್ ವಿಜಯ ದಿನದ ಬರಹಗಳಲ್ಲಿ, ಭಾಷಣಗಳಲ್ಲಿ ಇಂಥದೊಂದು ಮಾತು ಕಿವಿಗೆ ಬೀಳುತ್ತದೆ: "ತೊಲೊಲಿಂಗ್ ಶಿಖರವನ್ನು ಮರಳಿ ಗೆದ್ದದ್ದು 2ನೇ ರಜಪುತಾನಾ ರೈಫಲ್ಸ್ ರೆಜಿಮೆಂಟ್." ಕೇಳುವುದಕ್ಕೆ ಏನೂ ತೊಡಕಿಲ್ಲ. ಆದರೆ 2ನೇ ರಜಪುತಾನಾ ರೈಫಲ್ಸ್ ರೆಜಿಮೆಂಟ್ ಎಂಬುದು ಭಾರತೀಯ ಸೇನೆಯಲ್ಲಿ ಇಲ್ಲವೇ ಇಲ್ಲ. ಇರುವುದು ಒಂದೇ ರಜಪುತಾನಾ ರೈಫಲ್ಸ್. 1999ರ ಜೂನ್ 13ರಂದು ತೊಲೊಲಿಂಗನ್ನು ಗೆದ್ದದ್ದು ಅದರ 2ನೇ ಬೆಟಾಲಿಯನ್. ಆಗ ಆ ಬೆಟಾಲಿಯನ್ನಿನ ಕಮಾಂಡಿಂಗ್ ಆಫೀಸರ್ ಆಗಿದ್ದವರು ನಮ್ಮ ದಾವಣಗೆರೆಯ ಎಂ.ಬಿ. ರವೀಂದ್ರನಾಥ್, ವೀರಚಕ್ರ ಪಡೆದವರು. ಅವರು ರೆಜಿಮೆಂಟನ್ನು ಮುನ್ನಡೆಸಿದರು ಎಂದು ಬರೆದರೆ ಅದೂ ತಪ್ಪು. ಅವರು ಮುನ್ನಡೆಸಿದ್ದು ಬೆಟಾಲಿಯನ್ನನ್ನು.

ಇದನ್ನು ಬರೆದವರ ಅಜಾಗ್ರತೆ ಎಂದು ತಳ್ಳಿಹಾಕುವಂತಿಲ್ಲ. ರೆಜಿಮೆಂಟ್ ಎಂಬ ಪದವೇ ಸೇನೆಯೊಳಗೆ ಒಂದೊಂದು ಕಡೆ ಒಂದೊಂದು ಅರ್ಥ ಕೊಡುತ್ತದೆ. ಯಾವ ಕಡೆ ಯಾವ ಅರ್ಥ ಎಂದು ತಿಳಿಯದೆ ಅನುವಾದಕ್ಕೆ ಕೈ ಹಾಕಿದರೆ ಎಂಟುನೂರು ಜನರ ಪಡೆ ಇಪ್ಪತ್ತು ಪಟ್ಟು ಹಿಗ್ಗಿಬಿಡುತ್ತದೆ.

ಮೊದಲು ಪದಾತಿದಳವನ್ನು ನೋಡೋಣ. ಲೆಕ್ಕವನ್ನು ಕೆಳಗಿನಿಂದ ಹಾಕಿಕೊಂಡು ಹೋಗುವುದು ಸುಲಭ. ಸುಮಾರು 10 ಜನ ಸೇರಿದರೆ ಒಂದು ಸೆಕ್ಷನ್. ಮೂರು ಸೆಕ್ಷನ್ನಿಗೆ ಒಂದು ಪ್ಲಟೂನ್, ಅಂದರೆ ಮೂವತ್ತು ಮೂವತ್ತೈದು ಜನ. ಮೂರು ಪ್ಲಟೂನಿಗೆ ಒಂದು ಕಂಪನಿ. ಇದರ ಮುಖ್ಯಸ್ಥರು ಸಾಮಾನ್ಯವಾಗಿ ಮೇಜರ್. ನಾಲ್ಕು ರೈಫಲ್ ಕಂಪನಿ, ಮಾರ್ಟರ್ ಮೊದಲಾದ ಭಾರದ ಆಯುಧಗಳಿರುವ ಒಂದು ಸಪೋರ್ಟ್ ಕಂಪನಿ, ಒಂದು ಹೆಡ್‌ಕ್ವಾರ್ಟರ್ ಕಂಪನಿ, ಇಷ್ಟೂ ಸೇರಿ ಬೆಟಾಲಿಯನ್. ಅದರಲ್ಲಿ ಸುಮಾರು 800 ಜನ, ಮುಖ್ಯಸ್ಥರು ಕರ್ನಲ್. ಸಾಮಾನ್ಯವಾಗಿ ಮೂರು ಬೆಟಾಲಿಯನ್ ಸೇರಿ ಬ್ರಿಗೇಡ್, ಬ್ರಿಗೇಡಿಯರ್ ಕೈಕೆಳಗೆ. ಮೂರು ಬ್ರಿಗೇಡ್ ಸೇರಿ ಡಿವಿಷನ್, ಮೇಜರ್ ಜನರಲ್ ಕೈಕೆಳಗೆ. ಅದರ ಮೇಲೆ ಕೋರ್, ಆಮೇಲೆ ಕಮಾಂಡ್.

ಗಮನಿಸಿದಿರಾ? ಈ ಇಡೀ ಸಾಲಿನಲ್ಲಿ ರೆಜಿಮೆಂಟ್ ಎಲ್ಲೂ ಬರಲಿಲ್ಲ. ಪದಾತಿದಳದಲ್ಲಿ ಬೆಟಾಲಿಯನ್ ಮನೆ, ರೆಜಿಮೆಂಟ್ ಮನೆತನ. ಬೆಳಗಾವಿಯಲ್ಲಿರುವ ಮರಾಠಾ ಲೈಟ್ ಇನ್‌ಫೆಂಟ್ರಿಯ ರೆಜಿಮೆಂಟಲ್ ಸೆಂಟರನ್ನೇ ತೆಗೆದುಕೊಳ್ಳಿ. ಹೊಸದಾಗಿ ಸೇರಿದ ಹುಡುಗರು ಅಲ್ಲಿ ತರಬೇತಿ ಪಡೆಯುತ್ತಾರೆ, ಪ್ರಮಾಣ ಸ್ವೀಕರಿಸುತ್ತಾರೆ, ಅಲ್ಲಿಂದ ಒಂದೊಂದು ಬೆಟಾಲಿಯನ್ನಿಗೆ ಹಂಚಿಹೋಗುತ್ತಾರೆ. ಟೋಪಿಯ ಮೇಲಿನ ಲಾಂಛನ, 'ಬೋಲ್ ಶ್ರೀ ಛತ್ರಪತಿ ಶಿವಾಜಿ ಮಹಾರಾಜ್ ಕೀ ಜೈ' ಎಂಬ ರಣಘೋಷ, ಹಿಂದಿನ ಕದನಗಳ ಗೌರವಪಟ್ಟಿ, ಇವೆಲ್ಲ ರೆಜಿಮೆಂಟಿನ ಸ್ವತ್ತು. ಆದರೆ ರಣರಂಗಕ್ಕೆ ಇಡೀ ರೆಜಿಮೆಂಟ್ ಒಟ್ಟಾಗಿ ಹೋಗುವುದಿಲ್ಲ. ಒಂದು ಬೆಟಾಲಿಯನ್ ಲಡಾಖಿನಲ್ಲಿದ್ದರೆ ಇನ್ನೊಂದು ಅರುಣಾಚಲದಲ್ಲಿರಬಹುದು. ಅದರ ಮಗ್ಗುಲಲ್ಲಿ, ಅದೇ ಬ್ರಿಗೇಡಿನಲ್ಲಿ, ಒಂದು ಸಿಖ್ ಬೆಟಾಲಿಯನ್, ಒಂದು ಮದ್ರಾಸ್ ಬೆಟಾಲಿಯನ್ ಇರಬಹುದು. ಆದ್ದರಿಂದ 'ಮರಾಠಾ ರೆಜಿಮೆಂಟ್ ಗಡಿಗೆ ರವಾನೆ' ಎಂಬ ತಲೆಬರಹ ಕಂಡರೆ, ಹೋದದ್ದು ಅದರ ಒಂದು ಬೆಟಾಲಿಯನ್ ಎಂದೇ ತಿಳಿಯಬೇಕು.

ಈಗ ಟ್ಯಾಂಕಿನವರ ಕಡೆ ಬನ್ನಿ, ಲೆಕ್ಕ ಪೂರ್ತಿ ಬದಲಾಗುತ್ತದೆ. ಅಲ್ಲಿ ರೆಜಿಮೆಂಟ್ ಎಂದರೆ ನಿಜವಾಗಿ ಕಾದಾಡುವ ಒಂದು ಘಟಕ. ಪದಾತಿದಳದಲ್ಲಿ ಬೆಟಾಲಿಯನ್ನಿಗೆ ಇರುವ ಸ್ಥಾನ ಇಲ್ಲಿ ರೆಜಿಮೆಂಟಿಗೆ. ಮೂರು ಟ್ಯಾಂಕಿನದು ಒಂದು ಟ್ರೂಪ್, 14 ಟ್ಯಾಂಕಿನದು ಒಂದು ಸ್ಕ್ವಾಡ್ರನ್. ಮೂರು ಸ್ಕ್ವಾಡ್ರನ್ನಿಗೆ 42, ಹೆಡ್‌ಕ್ವಾರ್ಟರಿನವು ಮೂರು, ಒಟ್ಟು 45 ಟ್ಯಾಂಕು. ಇಷ್ಟಕ್ಕೆ ರೆಜಿಮೆಂಟ್ ಎಂದು ಹೆಸರು. 1971ರ ಬಸಂತರ್ ಕದನದಲ್ಲಿ ಪರಮವೀರಚಕ್ರ ಪಡೆದ ಅರುಣ್ ಖೇತರ್ಪಾಲ್ ಅವರ 17 ಹಾರ್ಸ್, ಅಂದರೆ ಪೂನಾ ಹಾರ್ಸ್, ಇಂಥ ಒಂದು ರೆಜಿಮೆಂಟು. ಇಲ್ಲಿ 17 ಎಂಬುದು ಬೆಟಾಲಿಯನ್ ಸಂಖ್ಯೆಯಲ್ಲ, ರೆಜಿಮೆಂಟಿನದೇ ಸಂಖ್ಯೆ. 'ಪೂನಾ ಹಾರ್ಸಿನ 17ನೇ ಬೆಟಾಲಿಯನ್' ಎಂದು ಬರೆದರೆ ಇಲ್ಲದ ಹದಿನಾರು ಬೆಟಾಲಿಯನ್‌ಗಳನ್ನು ಹುಟ್ಟಿಸಿದಂತಾಗುತ್ತದೆ.

ಫಿರಂಗಿ ದಳದಲ್ಲೂ ಹೀಗೆಯೇ. ಆರು ತೋಪಿನದು ಒಂದು ಬ್ಯಾಟರಿ, ಮೂರು ಬ್ಯಾಟರಿ ಸೇರಿ, ಅಂದರೆ 18 ತೋಪು ಸೇರಿ, ಒಂದು ರೆಜಿಮೆಂಟ್. ಇಲ್ಲಿ ಇನ್ನೂ ಒಂದು ಗೊಂದಲ ಕಾದಿದೆ. ಭಾರತೀಯ ಸೇನೆಯ ಇಡೀ ಫಿರಂಗಿ ವಿಭಾಗದ ಅಧಿಕೃತ ಹೆಸರೇ 'ರೆಜಿಮೆಂಟ್ ಆಫ್ ಆರ್ಟಿಲರಿ'. ಅಂದರೆ ರೆಜಿಮೆಂಟಿನೊಳಗೆ ನೂರಾರು ರೆಜಿಮೆಂಟು! ಇದನ್ನು ಕನ್ನಡಕ್ಕೆ ತರುವಾಗ ದೊಡ್ಡದನ್ನು ಫಿರಂಗಿ ದಳ ಎನ್ನಿ, ಒಳಗಿನ ಘಟಕವನ್ನು ಮಾತ್ರ ರೆಜಿಮೆಂಟ್ ಎನ್ನಿ.

ಕೊಡಗಿನಲ್ಲಿ ಆಗಾಗ ಕೇಳಿಬರುವ ಬೇಡಿಕೆಯೊಂದು ಈ ಎರಡು ಅರ್ಥಗಳ ನಡುವೆ ಸಿಕ್ಕಿಕೊಂಡಿದೆ. 'ಕೊಡಗಿಗೊಂದು ರೆಜಿಮೆಂಟ್ ಬೇಕು' ಎನ್ನುವವರಿಗೆ 'ಆಗಲೇ ಇದೆಯಲ್ಲ' ಎಂದು ಉತ್ತರ ಕೊಡುವವರಿದ್ದಾರೆ. ಇಬ್ಬರೂ ಹೇಳುವುದು ನಿಜವೇ. ಇರುವುದು 37 ಕೂರ್ಗ್ ಮೀಡಿಯಂ ರೆಜಿಮೆಂಟ್. ಎರಡನೇ ಮಹಾಯುದ್ಧದ ಕಾಲದ ಕೊಡಗಿನ ಬೆಟಾಲಿಯನ್ನು ಟ್ಯಾಂಕ್ ನಿರೋಧಕ ಪಡೆಯಾಗಿ ಮಾರ್ಪಟ್ಟು, ಕೊನೆಗೆ ಫಿರಂಗಿ ದಳ ಸೇರಿದ್ದರ ಫಲ ಅದು. ತೋಪುಗಳ ಒಂದು ಘಟಕ. ಹೆಸರಿನಲ್ಲಿ ಕೊಡಗು ಉಳಿದಿದೆ. ಬೇಡಿಕೆ ಇಟ್ಟವರು ಕೇಳುತ್ತಿರುವುದು ಬೇರೆ: ಮರಾಠಾ, ಕುಮಾವೋನ್ ರೆಜಿಮೆಂಟುಗಳಂತೆ ತನ್ನದೇ ಕೇಂದ್ರ, ಹಲವು ಬೆಟಾಲಿಯನ್, ತನ್ನದೇ ನೇಮಕಾತಿ ಇರುವ ಪದಾತಿ ರೆಜಿಮೆಂಟ್. ಪ್ರದೇಶ ಅಥವಾ ಜಾತಿಯ ಹೆಸರಿನಲ್ಲಿ ಅಂಥ ಹೊಸದನ್ನು ಕಟ್ಟದಿರುವುದು ಸ್ವಾತಂತ್ರ್ಯಾನಂತರ ಸರ್ಕಾರಗಳು ಬಹುಮಟ್ಟಿಗೆ ಹಿಡಿದುಕೊಂಡು ಬಂದ ನೀತಿ. 1970ರ ನಾಗಾ ರೆಜಿಮೆಂಟ್ ಇದಕ್ಕೆ ಎದ್ದುಕಾಣುವ ಅಪವಾದ. ವಾದ ಹೇಗಾದರೂ ಇರಲಿ, ಇಬ್ಬರೂ ಬೇರೆ ಬೇರೆ ವಸ್ತುವನ್ನು ಒಂದೇ ಹೆಸರಿನಿಂದ ಕರೆಯುತ್ತಿರುವವರೆಗೆ ಮಾತು ಮುಂದಕ್ಕೆ ಹೋಗುವುದಿಲ್ಲ.

ಮೈಸೂರಿನ ವಿಷಯಕ್ಕೂ ಒಂದು ತಿದ್ದುಪಡಿ ಬೇಕು. 1918ರ ಸೆಪ್ಟೆಂಬರ್ 23ರಂದು ಈಗಿನ ಇಸ್ರೇಲಿನ ಹೈಫಾ ಪಟ್ಟಣವನ್ನು ವಶಪಡಿಸಿಕೊಂಡ ಮೈಸೂರು ಲ್ಯಾನ್ಸರ್ಸ್ ಒಂದು ಅಶ್ವಾರೋಹಿ ರೆಜಿಮೆಂಟ್. ಜೋಧಪುರ, ಹೈದರಾಬಾದ್ ಲ್ಯಾನ್ಸರ್‌ಗಳ ಜೊತೆ ಅದು 15ನೇ ಇಂಪೀರಿಯಲ್ ಸರ್ವಿಸ್ ಕ್ಯಾವಲ್ರಿ ಬ್ರಿಗೇಡಿನಲ್ಲಿತ್ತು. 61 ಕ್ಯಾವಲ್ರಿಯು ಹೈಫಾದಲ್ಲಿ ಕಾದಾಡಿತು ಎಂದು ಹೇಳುವುದು ಸರಿಯಲ್ಲ. ಸಂಸ್ಥಾನಗಳ ಕುದುರೆ ಪಡೆಗಳನ್ನು ಒಗ್ಗೂಡಿಸಿ 61 ಕ್ಯಾವಲ್ರಿಯನ್ನು ಕಟ್ಟಿದ್ದು 1953ರಲ್ಲಿ. ಅದು ಮೈಸೂರು ಲ್ಯಾನ್ಸರ್ಸ್‌ನ ವಾರಸುದಾರ, ಅಷ್ಟೆ. ಮೈಸೂರು ಸಂಸ್ಥಾನದ ಪದಾತಿ ಪಡೆಯಾದರೋ ಮದ್ರಾಸ್ ರೆಜಿಮೆಂಟಿನ 18ನೇ ಬೆಟಾಲಿಯನ್ ಆಯಿತು.

ಹಳೆಯ ದಾಖಲೆಗಳನ್ನು ಓದುವವರಿಗೆ 1922 ಒಂದು ಗಡಿಗೆರೆ. ಅದಕ್ಕೂ ಹಿಂದೆ ಭಾರತೀಯ ಪದಾತಿದಳದ ಒಂದು ರೆಜಿಮೆಂಟ್ ಎಂದರೆ ಹೆಚ್ಚಾಗಿ ಒಂದೇ ಬೆಟಾಲಿಯನ್. ಮೊದಲ ಮಹಾಯುದ್ಧದ ಕಾಗದಗಳಲ್ಲಿ '110ನೇ ಮಹ್ರಟ್ಟಾ ಲೈಟ್ ಇನ್‌ಫೆಂಟ್ರಿ' ಎಂದಿದ್ದರೆ ಅದು ಎಂಟುನೂರರ ಲೆಕ್ಕ. 1922ರಲ್ಲಿ ಇಂಥ ಐದಾರನ್ನು ಸೇರಿಸಿ ಒಂದೊಂದು ದೊಡ್ಡ ರೆಜಿಮೆಂಟ್ ಮಾಡಿದರು. ತರಬೇತಿಗಾಗಿಯೇ ಒಂದು ಬೆಟಾಲಿಯನ್ನನ್ನು ಮೀಸಲಿಟ್ಟು ಅದಕ್ಕೆ 10 ಎಂಬ ಸಂಖ್ಯೆ ಕೊಟ್ಟರು. ಆಗ ಆ 110ನೆಯದು 5ನೇ ಮಹ್ರಟ್ಟಾ ಲೈಟ್ ಇನ್‌ಫೆಂಟ್ರಿಯ 3ನೇ ಬೆಟಾಲಿಯನ್ ಆಯಿತು. ಸ್ವಾತಂತ್ರ್ಯದ ನಂತರ 3 ಮರಾಠಾ ಎನಿಸಿಕೊಂಡು, ಮುಂದೆ ಪ್ಯಾರಾಶೂಟ್ ರೆಜಿಮೆಂಟಿಗೆ ಹೋಗಿ 2 ಪ್ಯಾರಾ ಆಯಿತು. ಒಂದೇ ಪಡೆಗೆ ನಾಲ್ಕು ಹೆಸರು. ಇದು ತಿಳಿಯದಿದ್ದರೆ ನಾಲ್ಕು ಪಡೆಗಳ ಚರಿತ್ರೆ ಬರೆಯುವ ಅಪಾಯವಿದೆ.

1922ರ ನಂತರ ಬಂದದ್ದು ಓರೆಗೆರೆಯ ಬರವಣಿಗೆ. ಜನರಲ್ ತಿಮ್ಮಯ್ಯನವರ ಜೀವನಚಿತ್ರದಲ್ಲಿ '4/19 ಹೈದರಾಬಾದ್', '8/19 ಹೈದರಾಬಾದ್' ಎಂದು ಕಾಣುತ್ತದೆ. ಓರೆಗೆರೆಯ ಎಡಕ್ಕಿರುವುದು ಬೆಟಾಲಿಯನ್, ಬಲಕ್ಕಿರುವುದು ರೆಜಿಮೆಂಟ್. ಅಂದರೆ 19ನೇ ಹೈದರಾಬಾದ್ ರೆಜಿಮೆಂಟಿನ 8ನೇ ಬೆಟಾಲಿಯನ್. ಎರಡನೇ ಮಹಾಯುದ್ಧದಲ್ಲಿ ಬರ್ಮಾದ ಅರಾಕಾನಿನಲ್ಲಿ ಅವರು ಮುನ್ನಡೆಸಿದ್ದು ಇದನ್ನು. ಇದು ನಿಜಾಮರ ಸಂಸ್ಥಾನದ ಸೈನ್ಯವಲ್ಲ, ಬ್ರಿಟಿಷ್ ಭಾರತದ ಸೇನೆಯ ಭಾಗ. 1945ರಲ್ಲಿ ಅದರ ಹೆಸರು ಕುಮಾವೋನ್ ರೆಜಿಮೆಂಟ್ ಎಂದಾಯಿತು, ಹಾಗಾಗಿ ಆ ಬೆಟಾಲಿಯನ್ ಈಗ 8 ಕುಮಾವೋನ್. ಓರೆಗೆರೆ ಇಂದಿಗೂ ಉಳಿದಿರುವುದು ಗೂರ್ಖಾ ರೈಫಲ್ಸ್‌ನಲ್ಲಿ. ಅಲ್ಲಿ ಗೂರ್ಖಾ ರೆಜಿಮೆಂಟುಗಳೇ ಏಳಿವೆ, ಎರಡೂ ಸಂಖ್ಯೆ ಹೇಳದೆ ಗತ್ಯಂತರವಿಲ್ಲ. ಕಾರ್ಗಿಲ್‌ನ ಮನೋಜ್ ಕುಮಾರ್ ಪಾಂಡೆ ಅವರದು 1/11, ಅಂದರೆ 11 ಗೂರ್ಖಾ ರೈಫಲ್ಸ್‌ನ 1ನೇ ಬೆಟಾಲಿಯನ್. ಬಾನುಲಿಯಲ್ಲಿ ಇದನ್ನು 'ಒಂದು ಬಾರ್ ಹನ್ನೊಂದು' ಎಂದು ಓದಿದರೆ ಯಾರಿಗೂ ಏನೂ ತಿಳಿಯದು; ಬಿಡಿಸಿಯೇ ಓದಬೇಕು.

ಹೆಸರು ನೋಡಿ ಮೋಸಹೋಗುವ ಪ್ರಸಂಗಗಳೂ ಇವೆ. ಬ್ರಿಗೇಡ್ ಆಫ್ ದಿ ಗಾರ್ಡ್ಸ್ ಎಂಬುದು ಬ್ರಿಗೇಡ್ ಅಲ್ಲ, ಪದಾತಿ ರೆಜಿಮೆಂಟ್. 1949ರಲ್ಲಿ ಜನರಲ್ ಕಾರ್ಯಪ್ಪನವರು, ಎಲ್ಲ ಪ್ರಾಂತ್ಯ, ಎಲ್ಲ ಜಾತಿಯವರೂ ಒಟ್ಟಿಗಿರಲೆಂದು, ಹಳೆಯ ನಾಲ್ಕು ಬೆಟಾಲಿಯನ್‌ಗಳನ್ನು ತಂದು ಕಟ್ಟಿಸಿದ್ದು ಅದು. ಗ್ರೆನೇಡಿಯರ್ಸ್, ಗರ್ವಾಲ್ ರೈಫಲ್ಸ್, ಸಿಖ್ ಲೈಟ್ ಇನ್‌ಫೆಂಟ್ರಿ ಇವುಗಳ ಹೆಸರಿನಲ್ಲಿ ರೆಜಿಮೆಂಟ್ ಎಂಬ ಪದವಿಲ್ಲದಿದ್ದರೂ ಅವು ರೆಜಿಮೆಂಟುಗಳೇ. ಬೆಂಗಳೂರಿನ ಮದ್ರಾಸ್ ಎಂಜಿನಿಯರ್ ಗ್ರೂಪ್ ಕೂಡ ತನ್ನ ಸೈನಿಕರ ಪಾಲಿಗೆ ಅದೇ ಮನೆತನದ ಕೆಲಸ ಮಾಡುತ್ತದೆ.

ಅಧಿಕಾರಿಗಳ ಹುದ್ದೆಯಲ್ಲೂ ಎಚ್ಚರ ಬೇಕು. ಪದಾತಿದಳದಲ್ಲಿ 'ಕರ್ನಲ್ ಆಫ್ ದಿ ರೆಜಿಮೆಂಟ್' ಎನ್ನುವವರು ಕರ್ನಲ್ ದರ್ಜೆಯವರಲ್ಲ. ಸಾಮಾನ್ಯವಾಗಿ ಲೆಫ್ಟಿನೆಂಟ್ ಜನರಲ್ ದರ್ಜೆಯ ಹಿರಿಯರು. ಅದು ಗೌರವ ಸ್ಥಾನ, ಮನೆತನದ ಯಜಮಾನಿಕೆ. ಯುದ್ಧದ ಆಜ್ಞೆ ಕೊಡುವ ಹುದ್ದೆಯಲ್ಲ. ಬೆಟಾಲಿಯನ್ ನಡೆಸುವ ಕಮಾಂಡಿಂಗ್ ಆಫೀಸರ್ ಬೇರೆ, ತರಬೇತಿ ಕೇಂದ್ರ ನಡೆಸುವ ಕಮಾಂಡೆಂಟ್ ಬೇರೆ. ಮೂವರನ್ನೂ 'ರೆಜಿಮೆಂಟಿನ ಮುಖ್ಯಸ್ಥ' ಎಂದು ಕರೆದುಬಿಡುವ ವರದಿಗಳು ಓದುಗರಿಗೆ ಯಾವ ಮಾಹಿತಿಯನ್ನೂ ಕೊಡುವುದಿಲ್ಲ.

ಹೊರದೇಶದ ಸುದ್ದಿಯಲ್ಲಿ ಮತ್ತೊಂದು ಅರ್ಥ. ರಷ್ಯಾದ ಸೇನೆಯಲ್ಲಿ, ಅಮೆರಿಕದ ಮೆರೀನ್ ಕೋರಿನಲ್ಲಿ, ರೆಜಿಮೆಂಟ್ ಎಂದರೆ ಹಲವು ಬೆಟಾಲಿಯನ್‌ಗಳು ಒಟ್ಟಿಗೆ ಹೋರಾಡುವ ಪಡೆ. ಗಾತ್ರದಲ್ಲಿ ನಮ್ಮ ಬ್ರಿಗೇಡಿಗೆ ಹತ್ತಿರ. ಉಕ್ರೇನಿನ ವರದಿಯಲ್ಲಿ ರೆಜಿಮೆಂಟ್ ಎಂದು ಬಂದರೆ ಬೆಳಗಾವಿಯ ಲೆಕ್ಕ ನಡೆಯುವುದಿಲ್ಲ.

ಇಷ್ಟೆಲ್ಲ ಅರ್ಥಗಳ ಬೇರು ಲ್ಯಾಟಿನ್ನಿನ 'ಆಳು' ಎಂಬ ಧಾತುವಿನಲ್ಲಿದೆ. ಇಂಗ್ಲಿಷಿನಲ್ಲಿ ಈ ಪದಕ್ಕೆ ಮೊದಲಿದ್ದದ್ದು ಆಳ್ವಿಕೆ ಎಂಬ ಅರ್ಥವೇ. 1558ರಲ್ಲಿ ಸ್ಕಾಟ್ಲೆಂಡಿನ ಜಾನ್ ನಾಕ್ಸ್ ರಾಣಿಯರ ವಿರುದ್ಧ ಬರೆದ ಕರಪತ್ರದ ಹೆಸರಿನಲ್ಲಿ ಹೆಂಗಸರ 'ರೆಜಿಮೆಂಟ್' ಎಂದಿದೆ. ಅದು ಹೆಂಗಸರ ಆಳ್ವಿಕೆ, ಹೆಂಗಸರ ಸೈನ್ಯವಲ್ಲ. ವೈದ್ಯರು ಹೇಳುವ ಪಥ್ಯಕ್ರಮದ ಇಂಗ್ಲಿಷ್ ಪದ 'ರೆಜಿಮೆನ್' ಇದರ ಒಡಹುಟ್ಟು. ರೆಜಿಮೆಂಟನ್ನು ಕ್ರಿಯಾಪದವಾಗಿ ಬಳಸಿದಾಗ ಎಲ್ಲರನ್ನೂ ಒಂದೇ ಕಟ್ಟುಪಾಡಿಗೆ ಬಿಗಿದು ಕಟ್ಟುವುದು ಎಂದರ್ಥ, ಅದರಲ್ಲಿ ಹೊಗಳಿಕೆಗಿಂತ ಟೀಕೆಯೇ ಹೆಚ್ಚು. 'ರೆಜಿಮೆಂಟೆಡ್' ಶಾಲೆ ಎಂಬುದನ್ನು 'ಶಿಸ್ತಿನ ಶಾಲೆ' ಎಂದು ಮೆಚ್ಚುಗೆಯಾಗಿ ಅನುವಾದಿಸಿದರೆ ಮೂಲದ ಚುಚ್ಚುಮಾತು ಮಾಯವಾಗುತ್ತದೆ.

ಕನ್ನಡದಲ್ಲಿ ಏನೆನ್ನಬೇಕು? ದಳ, ಪಡೆ, ತುಕಡಿ ಮೂರೂ ಬಳಕೆಯಲ್ಲಿವೆ. ತುಕಡಿ ಎಂಬುದು ಪ್ಲಟೂನಿಗೋ ಕಂಪನಿಗೋ ಒಪ್ಪುತ್ತದೆ, ಎಂಟುನೂರು ಜನಕ್ಕೆ ಚಿಕ್ಕದಾಯಿತು. ಬೆಟಾಲಿಯನ್ನಿನಿಂದಲೇ ಬಂದ ಪಟಾಲಂ ಈಗ ಪುಂಡರ ಗುಂಪಿಗೆ ಮೀಸಲು. ಸೈನಿಕರ ಬಾಯಲ್ಲಿರುವ ಪಲ್ಟನ್ ಇನ್ನೂ ವಿಚಿತ್ರ: ಹುಟ್ಟಿದ್ದು ಪ್ಲಟೂನಿನ ಬಳಗದಲ್ಲಿ ಎನ್ನುವವರಿದ್ದಾರೆ, ಸೂಚಿಸುವುದು ಮಾತ್ರ ಬೆಟಾಲಿಯನ್ನನ್ನು. ರೆಜಿಮೆಂಟನ್ನು ರೆಜಿಮೆಂಟ್ ಎಂದೇ ಉಳಿಸಿಕೊಳ್ಳುವುದು ಮೇಲೆಂದು ನನ್ನ ಮತ.

ಊರಿನಲ್ಲಿ ಯೋಧರ ಸ್ಮಾರಕ ಫಲಕ ಬರೆಸುವವರಿಗೆ ಒಂದು ಮಾತು. ಸೇನಾ ಕಾಗದದಲ್ಲಿ '18 ಮದ್ರಾಸ್' ಎಂದಿದ್ದರೆ ಕಲ್ಲಿನ ಮೇಲೆ '18ನೇ ಬೆಟಾಲಿಯನ್, ಮದ್ರಾಸ್ ರೆಜಿಮೆಂಟ್' ಎಂದು ಕೆತ್ತಿಸಿ. '141 ಫೀಲ್ಡ್' ಎಂದಿದ್ದರೆ '141 ಫೀಲ್ಡ್ ರೆಜಿಮೆಂಟ್, ಫಿರಂಗಿ ದಳ' ಎಂದಾಗಬೇಕು. ರಾಷ್ಟ್ರೀಯ ರೈಫಲ್ಸ್‌ನಲ್ಲಿದ್ದಾಗ ಮಡಿದವರಾದರೆ ಎರಡು ಸಾಲು ಬೇಕಾಗುತ್ತದೆ. ಅಲ್ಲಿಗೆ ಸೈನಿಕರು ಬೇರೆ ಬೇರೆ ರೆಜಿಮೆಂಟ್, ಕೋರ್‌ಗಳಿಂದ ನಿಯೋಜನೆಯ ಮೇಲೆ ಹೋಗಿರುತ್ತಾರೆ; ಮಡಿದಾಗ ಇದ್ದ ರಾಷ್ಟ್ರೀಯ ರೈಫಲ್ಸ್ ಬೆಟಾಲಿಯನ್ ಒಂದು ಸಾಲು, ಅವರ ಮೂಲ ರೆಜಿಮೆಂಟ್ ಇನ್ನೊಂದು ಸಾಲು. ಕೆತ್ತುವವರಿಗೆ ಕೊಡುವ ಮುನ್ನ ಕರಡನ್ನು ಮನೆಯವರ ಬಳಿಯಿರುವ ಸೇನಾ ಕಾಗದದೊಡನೆ ಅಂಕಿ ಅಂಕಿಯಾಗಿ ಹೋಲಿಸಿ ನೋಡಿ.

ನಮಸ್ಕಾರ.