ಬಾರ್ಜೆಲ್ಲೊದಲ್ಲಿ ಗೈಡ್ ಜೊತೆ ಎರಡು ಗಂಟೆ

ಎಲ್ಲರಿಗೂ ನಮಸ್ಕಾರ.

ಫ್ಲಾರೆನ್ಸ್‌ಗೆ ಹೋಗಿ ಬಂದವರನ್ನು ಏನೇನು ನೋಡಿದಿರಿ ಅಂತ ಕೇಳಿ. ದೊಡ್ಡ ಗುಮ್ಮಟದ ಕೆಥೆಡ್ರಲ್, ಪೊಂತೆ ವೆಕ್ಕಿಯೊ ಸೇತುವೆ, ಅಕಾಡೆಮಿಯಾ ಗ್ಯಾಲರಿಯಲ್ಲಿ ಮೈಕೆಲೇಂಜೆಲೊನ ಡೇವಿಡ್ ಅನ್ನುತ್ತಾರೆ. ಪ್ಯಾಕೇಜ್ ಟೂರ್‌ನಲ್ಲಿ ಈ ಊರಿಗೆ ಸಿಗುವುದೇ ಅರ್ಧ ದಿನ, ಒಂದು ದಿನ. ಹಾಗಾಗಿ ಕೆಥೆಡ್ರಲ್‌ನಿಂದ ಕೆಲವೇ ನಿಮಿಷ ನಡೆದರೆ ಸಿಗುವ ಬಾರ್ಜೆಲ್ಲೊ ಮ್ಯೂಸಿಯಂ ತಪ್ಪಿಹೋಗುತ್ತದೆ. ಯುರೋಪಿನ ನವೋದಯ (ರಿನೈಸಾನ್ಸ್) ಕಾಲದ ಶಿಲ್ಪ ಹೇಗೆ ಹುಟ್ಟಿತು, ಹೇಗೆ ಬೆಳೆಯಿತು ಅಂತ ತಿಳಿಯಬೇಕಾದರೆ ನೋಡಬೇಕಾದ ಜಾಗ ಇದು. ಇಲ್ಲಿಗೆ ಗೈಡ್ ಜೊತೆಗೇ ಹೋಗಿ ಅಂತ ನಾನು ಹೇಳುತ್ತೇನೆ. ಯಾಕೆ ಅನ್ನುವುದೇ ಇವತ್ತಿನ ಮಾತು.

ಇಲ್ಲಿರುವ ಶಿಲ್ಪಗಳಲ್ಲಿ ಯಾವುದನ್ನೂ ಮ್ಯೂಸಿಯಂಗೆ ಅಂತ ಮಾಡಿದ್ದಲ್ಲ. ಒಂದು ಬೀದಿ ಗೋಡೆಯ ಗೂಡಿಗೆ, ಇನ್ನೊಂದು ಶ್ರೀಮಂತರ ಮನೆಯ ಅಂಗಳಕ್ಕೆ, ಮತ್ತೊಂದು ತೋಟಕ್ಕೆ. ಗರ್ಭಗುಡಿಯಲ್ಲಿದ್ದ ಮೂರ್ತಿಯನ್ನು ತಂದು ಟ್ಯೂಬ್‌ಲೈಟ್ ಕೆಳಗೆ ಇಟ್ಟರೆ ಎಷ್ಟೋ ಕಳೆದುಹೋಗುತ್ತದೆ, ಅಲ್ವಾ? ಇಲ್ಲೂ ಹಾಗೆಯೇ ಕಳೆದಿದೆ. ಒಳ್ಳೆಯ ಗೈಡ್ ಪ್ರತಿ ಶಿಲ್ಪವನ್ನೂ ಅದು ಮೊದಲು ಇದ್ದ ಜಾಗದಲ್ಲಿ ನಮ್ಮ ಕಣ್ಣೆದುರು ಮತ್ತೆ ನಿಲ್ಲಿಸುತ್ತಾರೆ. ಉಳಿದ ಮಾಹಿತಿ ಫೋನಿನಲ್ಲೂ ಸಿಗುತ್ತದೆ.

ಮೊದಲು ಕಟ್ಟಡ. 1255ರಲ್ಲಿ ಕಟ್ಟಲು ಶುರು ಮಾಡಿದ್ದು, ನಗರದ ಆಡಳಿತ ನಡೆಸಲು. 1574ರಿಂದ ಇಲ್ಲಿ ಪೊಲೀಸ್ ಮುಖ್ಯಸ್ಥ ಇದ್ದ. ಅವನ ಹುದ್ದೆಯ ಹೆಸರೇ ಕಟ್ಟಡಕ್ಕೆ ಉಳಿಯಿತು. ಇದು ಜೈಲೂ ಆಗಿತ್ತು. ಇವತ್ತು ನಾವು ನಿಂತು ಫೋಟೊ ತೆಗೆಯುವ ಅಂಗಳದಲ್ಲಿ ಮರಣದಂಡನೆ ನಡೆಯುತ್ತಿತ್ತು. 1786ರಲ್ಲಿ ಟಸ್ಕನಿಯ ದೊರೆ ಪಿಯೆತ್ರೊ ಲಿಯೊಪೊಲ್ಡೊ ಮರಣದಂಡನೆಯನ್ನೇ ರದ್ದು ಮಾಡಿದ. ಜೈಲು ಮಾತ್ರ 19ನೇ ಶತಮಾನದ ಮಧ್ಯದವರೆಗೂ ಇತ್ತು. ಆಮೇಲೆ ದುರಸ್ತಿ ಮಾಡಿ 1865ರಲ್ಲಿ ಮ್ಯೂಸಿಯಂ ತೆರೆದರು. ಆಗ ಫ್ಲಾರೆನ್ಸ್ ಇಟಲಿಯ ರಾಜಧಾನಿ.

ಅಂಗಳದಿಂದ ಹೊರಡುವ ಮೊದಲು ಒಂದು ಕಥೆ ಕೇಳಿಕೊಳ್ಳಿ. 1478ರ ಏಪ್ರಿಲ್ 26. ಕೆಥೆಡ್ರಲ್‌ನಲ್ಲಿ ಪೂಜೆ ನಡೆಯುತ್ತಿರುವಾಗಲೇ ಊರಿನ ಅಧಿಕಾರ ಕೈಯಲ್ಲಿಟ್ಟುಕೊಂಡಿದ್ದ ಮೆದಿಚಿ ಮನೆತನದ ಜೂಲಿಯಾನೊನನ್ನು ಇರಿದು ಕೊಂದರು. ಅಣ್ಣ ಲೊರೆಂಜೊ ಗಾಯಗೊಂಡು ತಪ್ಪಿಸಿಕೊಂಡ. ಇರಿದವರಲ್ಲಿ ಒಬ್ಬ ಬೆರ್ನಾರ್ದೊ ಬರೊಂಚೆಲ್ಲಿ. ಅವನು ಕಾನ್‌ಸ್ಟಾಂಟಿನೋಪಲ್‌ಗೆ ಓಡಿಹೋದ. ಸುಲ್ತಾನ ಅವನನ್ನು ಹಿಡಿಸಿ ವಾಪಸ್ ಕಳಿಸಿದ. 1479ರ ಡಿಸೆಂಬರ್‌ನಲ್ಲಿ ಅವನನ್ನು ಇದೇ ಕಟ್ಟಡದ ಕಿಟಕಿಯಿಂದ ನೇಣಿಗೆ ಹಾಕಿದರು. ಯುವಕ ಲಿಯೊನಾರ್ದೊ ದಾ ವಿಂಚಿ ಆ ಶವವನ್ನು ನೋಡಿ ಚಿತ್ರ ಬರೆದ. ಪಕ್ಕದಲ್ಲಿ ಅವನು ತೊಟ್ಟ ಬಟ್ಟೆಗಳ ಬಣ್ಣವನ್ನೂ ಗುರುತು ಹಾಕಿಕೊಂಡ.

ಆ ಪೂಜೆಯಲ್ಲಿ ಒಬ್ಬ ಹುಡುಗ ಕಾರ್ಡಿನಲ್, ಅಂದರೆ ಪೋಪ್‌ಗಿಂತ ಒಂದು ಮೆಟ್ಟಿಲು ಕೆಳಗಿನ ಧರ್ಮಾಧಿಕಾರಿ, ಇದ್ದ. ರಫಾಯೆಲೆ ರಿಯಾರಿಯೊ. ಹದಿನೇಳು ತುಂಬಿತ್ತೋ ಇಲ್ಲವೋ. ಕೊಲೆಯಾದ ಮೇಲೆ ಅವನನ್ನೂ ಬಂಧಿಸಿ ಕೆಲವು ವಾರಗಳ ನಂತರ ಬಿಟ್ಟರು. ಈ ಹೆಸರು ನೆನಪಿರಲಿ.

ಅಂಗಳದ ಪಕ್ಕದ ನೆಲಮಹಡಿಯಲ್ಲಿ ಮೈಕೆಲೇಂಜೆಲೊನ ಕೋಣೆ. 1966ರ ನವೆಂಬರ್ 4ರಂದು ಆರ್ನೊ ನದಿ ಉಕ್ಕಿ ಊರೊಳಗೆ ಬಂದಾಗ ಇಲ್ಲೂ ನೀರು, ಕೆಸರು ತುಂಬಿತ್ತು. ಒಳಗೆ ಎರಡು ಮೀಟರ್ ಎತ್ತರದ ಬ್ಯಾಕಸ್ ನಿಂತಿದ್ದಾನೆ. ಮದ್ಯದ ದೇವರು. ಕೈಯಲ್ಲಿ ಬಟ್ಟಲು, ಕಾಲು ಸ್ವಲ್ಪ ತಡವರಿಸುತ್ತಿದೆ. ಇದನ್ನು ಮಾಡಿಸಿದ್ದು ಅದೇ ರಿಯಾರಿಯೊ! ಹುಡುಗ ಬೆಳೆದು ರೋಮ್‌ನಲ್ಲಿ ದೊಡ್ಡ ಮನುಷ್ಯನಾಗಿದ್ದ. ಮೈಕೆಲೇಂಜೆಲೊ ಕೆತ್ತಿದ್ದ ಒಂದು ಕ್ಯೂಪಿಡ್ ಮೂರ್ತಿಯನ್ನು ಯಾರೋ ಪ್ರಾಚೀನ ಶಿಲ್ಪ ಅಂತ ಹೇಳಿ ಅವನಿಗೆ ಮಾರಿದ್ದರು. ಮೋಸ ಗೊತ್ತಾಯಿತು. ಆದರೆ ಇಷ್ಟು ಚೆನ್ನಾಗಿ ಕೆತ್ತುವವನು ಯಾರು ಅಂತ ಹುಡುಕಿಸಿ ಕರೆಸಿಕೊಂಡ. 1496ರಲ್ಲಿ ಮೈಕೆಲೇಂಜೆಲೊ ರೋಮ್‌ಗೆ ಬಂದಾಗ ಅವನಿಗೆ 21 ವರ್ಷ. ಬ್ಯಾಕಸ್ ಮುಗಿದ ಮೇಲೆ ಮಾತ್ರ ಕಾರ್ಡಿನಲ್‌ಗೆ ಅದು ಹಿಡಿಸಲಿಲ್ಲ. ಅದು ಯಾಕೊಪೊ ಗಲ್ಲಿ ಅನ್ನುವ ಬ್ಯಾಂಕರ್‌ನ ತೋಟ ಸೇರಿತು. ಡಚ್ ಚಿತ್ರಕಾರ ಹೇಮ್ಸ್‌ಕರ್ಕ್ 1530ರ ದಶಕದಲ್ಲಿ ಬರೆದ ರೇಖಾಚಿತ್ರದಲ್ಲಿ ಆ ತೋಟ ಕಾಣುತ್ತದೆ. ಸುತ್ತ ಹಳೆಯ ರೋಮನ್ ಕಲ್ಲುಗಳ ಚೂರು. ನಡುವೆ ಬ್ಯಾಕಸ್, ಬಟ್ಟಲು ಹಿಡಿದ ಕೈ ಮುರಿದಿದೆ.

ತೋಟದ ಶಿಲ್ಪ ಅಂದರೆ ಜನ ಅದರ ಸುತ್ತ ಓಡಾಡುತ್ತಿದ್ದರು. ನೀವೂ ಸುತ್ತಿ. ಹಿಂದೆ ಒಬ್ಬ ಪುಟ್ಟ ಮೇಕೆಗಾಲಿನ ಹುಡುಗ ಕದ್ದು ದ್ರಾಕ್ಷಿ ತಿನ್ನುತ್ತಿದ್ದಾನೆ. ಎದುರಿನಿಂದ ಒಂದು ಫೋಟೊ ತೆಗೆದು ಮುಂದೆ ಹೋದವರಿಗೆ ಅವನು ಸರಿಯಾಗಿ ಸಿಗುವುದೇ ಇಲ್ಲ.

ಇದೇ ಕೋಣೆಯಲ್ಲಿ ಮೈಕೆಲೇಂಜೆಲೊನ ಬ್ರೂಟಸ್ ಇದ್ದಾನೆ. ಸೀಸರ್‌ನನ್ನು ಕೊಂದ ಬ್ರೂಟಸ್. 1537ರಲ್ಲಿ ಫ್ಲಾರೆನ್ಸಿನ ಡ್ಯೂಕ್ ಅಲೆಸ್ಸಾಂದ್ರೊ ಕೊಲೆಯಾದ. ಅದಾದ ಮೇಲೆ, ಊರು ಬಿಟ್ಟುಹೋಗಿದ್ದ ಗಣರಾಜ್ಯದ ಬೆಂಬಲಿಗರಿಗಾಗಿ ಕೆತ್ತಿದ್ದು. ಪೂರ್ತಿ ಮುಗಿಸಿಲ್ಲ. ಮುಖದ ಮೇಲೆ ಹಲ್ಲುಳಿಯ ಗೆರೆಗಳು ಹಾಗೇ ಇವೆ. ಅದೇ ಕೋಣೆಯಲ್ಲಿ ಚೆಲ್ಲಿನಿ ಮಾಡಿದ ಕಂಚಿನ ಕೊಸಿಮೊ ಕೂಡ ಇದ್ದಾನೆ. ಅಲೆಸ್ಸಾಂದ್ರೊ ಸತ್ತ ಮೇಲೆ ಅಧಿಕಾರಕ್ಕೆ ಬಂದ ಡ್ಯೂಕ್ ಅವನೇ. ಆ ಕಂಚಿನ ಮುಖವನ್ನು ಎಲ್ಬಾ ದ್ವೀಪದ ಕೋಟೆಗೆ ಕಳಿಸಿದ್ದರು. ಒಬ್ಬ ದೊರೆಯನ್ನು ಕೊಂದವನು, ಇನ್ನೊಬ್ಬ ದೊರೆಯೇ. ಇಬ್ಬರ ನಡುವೆ ನಿಂತು ಒಮ್ಮೆ ಆ ಮುಖ, ಒಮ್ಮೆ ಈ ಮುಖ ನೋಡಿ. ಆ ಕಾಲದ ರಾಜಕೀಯ ಬೇರೆ ಯಾವ ಪಾಠಕ್ಕಿಂತ ಜಾಸ್ತಿ ತಿಳಿಯುತ್ತದೆ.

ಮೇಲೆ ಮೊದಲ ಮಹಡಿಯಲ್ಲಿ ಶಿಲ್ಪಿ ದೊನಾತೆಲ್ಲೊ ಹೆಸರಿನ ಸಭಾಂಗಣ. ನನ್ನ ಮಟ್ಟಿಗೆ ಇದೇ ಈ ಮ್ಯೂಸಿಯಂನ ಹೃದಯ. ಎತ್ತರದ ಕಮಾನಿನ ಚಾವಣಿ. ಜೈಲಿದ್ದಾಗ ಇದನ್ನೇ ಗೋಡೆ ಕಟ್ಟಿ ಕೋಣೆ ಕೋಣೆ ಮಾಡಿದ್ದರು. ಒಳಗೆ ಹೋದವರ ಕಣ್ಣು ನೇರ ಕಂಚಿನ ಡೇವಿಡ್ ಕಡೆ ಹೋಗುತ್ತದೆ. ಗೈಡ್‌ಗೆ ಹೇಳಿ, ಮೊದಲು ಗೋಡೆಯ ಮೇಲಿನ ಎರಡು ಕಂಚಿನ ಫಲಕ ತೋರಿಸಿ ಅಂತ. ಸುಮ್ನೆ ಹೋದರೆ ಅವು ಕಣ್ಣಿಗೆ ಬೀಳುವುದಿಲ್ಲ, ಅಷ್ಟು ಚಿಕ್ಕವು.

1401ರಲ್ಲಿ ಫ್ಲಾರೆನ್ಸಿನ ಬಟ್ಟೆ ವ್ಯಾಪಾರಿಗಳ ಸಂಘ ಒಂದು ಸ್ಪರ್ಧೆ ಇಟ್ಟಿತು. ಕೆಥೆಡ್ರಲ್ ಎದುರಿನ ಬ್ಯಾಪ್ಟಿಸ್ಟ್ರಿಗೆ, ಅಂದರೆ ದೀಕ್ಷಾಸ್ನಾನ ಮಾಡಿಸುವ ಕಟ್ಟಡಕ್ಕೆ, ಕಂಚಿನ ಬಾಗಿಲು ಬೇಕಿತ್ತು. ವಿಷಯ ಎಲ್ಲರಿಗೂ ಒಂದೇ. ದೇವರ ಮಾತಿಗೆ ತಲೆಬಾಗಿ ಅಬ್ರಹಾಂ ತನ್ನ ಮಗ ಐಸಾಕ್‌ನನ್ನು ಬಲಿ ಕೊಡಲು ಹೊರಟ ಕ್ಷಣ. ಏಳು ಜನ ಕಣದಲ್ಲಿದ್ದರು. ಇಬ್ಬರ ಫಲಕ ಮಾತ್ರ ಉಳಿದಿವೆ: ಗಿಬೆರ್ತಿಯದು, ಬ್ರುನೆಲೆಸ್ಕಿಯದು. ಇಬ್ಬರಿಗೂ ಆಗ ಇಪ್ಪತ್ತಮೂರು, ಇಪ್ಪತ್ತನಾಲ್ಕರ ವಯಸ್ಸು.

ಬ್ರುನೆಲೆಸ್ಕಿಯ ಅಬ್ರಹಾಂ ಮಗನ ಗಂಟಲು ಹಿಡಿದಿದ್ದಾನೆ. ಚಾಕು ಕುತ್ತಿಗೆಗೆ ತಾಗುವಷ್ಟು ಹತ್ತಿರ. ದೇವದೂತ ನುಗ್ಗಿ ಬಂದು ಅವನ ಮಣಿಕಟ್ಟನ್ನೇ ಹಿಡಿದು ನಿಲ್ಲಿಸುತ್ತಾನೆ. ಕೆಳಗೆ ಒಬ್ಬ ಆಳು ಕಾಲಿಗೆ ಚುಚ್ಚಿದ ಮುಳ್ಳು ತೆಗೆಯುತ್ತಿದ್ದಾನೆ. ಅದು ಒಂದು ಪ್ರಾಚೀನ ರೋಮನ್ ಶಿಲ್ಪದಿಂದ ತಂದ ಭಂಗಿ. ಗಿಬೆರ್ತಿಯ ಫಲಕದಲ್ಲಿ ಚಾಕು ಇನ್ನೂ ಹಿಂದಿದೆ. ದೇವದೂತ ದೂರದಲ್ಲಿ, ಆಕಾಶದಲ್ಲಿ. ಐಸಾಕ್‌ನ ಬೆತ್ತಲೆ ಮೈ ಅಷ್ಟು ನಯವಾಗಿದೆ, ಕೈಯಿಂದ ಮುಟ್ಟಬೇಕು ಅನಿಸುತ್ತದೆ.

ಗೆದ್ದದ್ದು ಗಿಬೆರ್ತಿ. ಕಾರಣ ಅಂದ ಒಂದೇ ಅಲ್ಲ ಅಂತ ನನಗನಿಸುತ್ತದೆ. ಅವನು ಬಹುಪಾಲು ಫಲಕವನ್ನು ಒಂದೇ ಎರಕದಲ್ಲಿ ಹೊಯ್ದ, ಹಿಂಬದಿ ಟೊಳ್ಳು ಬಿಟ್ಟ. ಬ್ರುನೆಲೆಸ್ಕಿ ಆಕೃತಿಗಳನ್ನು ಬೇರೆ ಬೇರೆ ಎರಕ ಹೊಯ್ದು ದಪ್ಪ ತಗಡಿಗೆ ಕೂರಿಸಿದ. ಗಿಬೆರ್ತಿಯದು ಸುಮಾರು 7 ಕಿಲೊ ಹಗುರ. ಇಡೀ ಬಾಗಿಲಿಗೆ 28 ಫಲಕ ಬೇಕು ಅಂದಾಗ ಉಳಿಯುವ ಕಂಚು ಎಷ್ಟು, ಲೆಕ್ಕ ಹಾಕಿ. ಕಾಸು ಎಣಿಸುವ ವ್ಯಾಪಾರಿಗಳು ಇದನ್ನು ನೋಡದೆ ಇರುತ್ತಾರೆಯೇ? ತೀರ್ಪುಗಾರರೆಲ್ಲ ಒಮ್ಮತದಿಂದ ತನ್ನನ್ನೇ ಆರಿಸಿದರು ಅಂತ ಗಿಬೆರ್ತಿ ಮುಂದೆ ಬರೆದುಕೊಂಡ. ಬ್ರುನೆಲೆಸ್ಕಿಯ ಜೀವನ ಬರೆದವನು ಬೇರೆ ಮಾತು ಹೇಳುತ್ತಾನೆ. ಇಬ್ಬರೂ ಸೇರಿ ಮಾಡಿ ಅಂದರಂತೆ, ಬ್ರುನೆಲೆಸ್ಕಿ ಒಪ್ಪಲಿಲ್ಲವಂತೆ. ಗಿಬೆರ್ತಿ ಆ ಬಾಗಿಲಿಗೆ ಎರಡು ದಶಕ ಕೊಟ್ಟ. ಬ್ರುನೆಲೆಸ್ಕಿ ಕಟ್ಟಡದ ಕಡೆ ತಿರುಗಿ, 1420ರಿಂದ 1436ರವರೆಗೆ ಕೆಥೆಡ್ರಲ್‌ನ ಗುಮ್ಮಟ ಕಟ್ಟಿದ. ಇವತ್ತು ಫ್ಲಾರೆನ್ಸ್ ಅಂದರೆ ಕಣ್ಮುಂದೆ ಬರುವುದು ಅದೇ ಗುಮ್ಮಟ.

ಈಗ ಕಂಚಿನ ಡೇವಿಡ್ ಹತ್ತಿರ ಬನ್ನಿ. ದೊನಾತೆಲ್ಲೊ ಇದನ್ನು 1440ರ ಸುಮಾರಿಗೆ ಮಾಡಿದ ಅಂತ ಹೆಚ್ಚಿನವರ ಅಭಿಪ್ರಾಯ. ಎತ್ತರ 158 ಸೆಂಟಿಮೀಟರ್. ಗೋಡೆಯ ಆಸರೆ ಇಲ್ಲದೆ, ಎಲ್ಲ ಕಡೆಯಿಂದಲೂ ನೋಡುವ ಹಾಗೆ ನಿಂತ ಇಂಥ ಬೆತ್ತಲೆ ಕಂಚಿನ ವಿಗ್ರಹ ರೋಮನ್ನರ ಕಾಲದ ನಂತರ ಯುರೋಪಿನಲ್ಲಿ ಇದೇ ಮೊದಲು ಅನ್ನುತ್ತಾರೆ. ತಲೆಗೆ ಎಲೆ ಸುತ್ತಿದ ಟೋಪಿ, ಕಾಲಿಗೆ ಬೂಟು, ಪಾದದ ಕೆಳಗೆ ಅವನು ಕೊಂದ ದೈತ್ಯ ಗೊಲಾಯತ್‌ನ ತಲೆ. ಆ ದೈತ್ಯನ ಶಿರಸ್ತ್ರಾಣದ ಗರಿ ಡೇವಿಡ್‌ನ ತೊಡೆಯವರೆಗೂ ಹತ್ತಿದೆ. 2007-08ರಲ್ಲಿ ಇದನ್ನು ಇದೇ ಸಭಾಂಗಣದಲ್ಲಿ, ಬಂದವರ ಕಣ್ಣೆದುರೇ ಲೇಸರ್‌ನಿಂದ ಸ್ವಚ್ಛಗೊಳಿಸಿದರು.

ಇದು ಮೆದಿಚಿ ಅರಮನೆಯ ಅಂಗಳದಲ್ಲಿ ಎತ್ತರದ ಪೀಠದ ಮೇಲಿತ್ತು. ಅಲ್ಲಿ ಎಲ್ಲರೂ ಕೆಳಗಿನಿಂದ ನೋಡುತ್ತಿದ್ದರು. ತಗ್ಗಿಸಿದ ಮುಖ, ಟೋಪಿಯ ನೆರಳಿನಲ್ಲಿರುವ ಕಣ್ಣು, ಎಲ್ಲ ಕೆಳಗಿನವರನ್ನೇ ನೋಡುತ್ತಿದ್ದವು. ಹಾಗಾಗಿ ಒಮ್ಮೆ ಮಂಡಿ ಬಗ್ಗಿಸಿ ಕುಳಿತು ನೋಡಿ. ನಾಚಿಕೆ ಬೇಡ. ಮೆದಿಚಿಗಳನ್ನು ಊರಿಂದ ಓಡಿಸಿದ ಮೇಲೆ, 1495ರಲ್ಲಿ, ಗಣರಾಜ್ಯದವರು ಇದನ್ನು ಸರ್ಕಾರದ ಅರಮನೆಗೆ ಸಾಗಿಸಿದರು. ವಿಗ್ರಹ ಅದೇ, ಅಂಗಳ ಬೇರೆ. ಮನೆತನದ ಹೆಮ್ಮೆಯಾಗಿದ್ದದ್ದು ದೊರೆಗಳನ್ನು ಸೋಲಿಸಿದ ಗುರುತಾಯಿತು.

ಕೊನೆಗೆ ಸಂತ ಜಾರ್ಜ್. 1417ರ ಹೊತ್ತಿಗೆ ದೊನಾತೆಲ್ಲೊ ಕವಚ, ಕತ್ತಿ ಮಾಡುವವರ ಸಂಘಕ್ಕಾಗಿ ಕೆತ್ತಿದ ಅಮೃತಶಿಲೆಯ ಯೋಧ. ಎರಡೂ ಕಾಲು ಅಗಲಿಸಿ ಗಟ್ಟಿಯಾಗಿ ನಿಂತಿದ್ದಾನೆ, ಹುಬ್ಬು ಮಾತ್ರ ಗಂಟಾಗಿದೆ. ಅಷ್ಟು ಧೈರ್ಯದ ಮೈಯಲ್ಲಿ ಅಷ್ಟು ಆತಂಕದ ಮುಖ ಇಟ್ಟದ್ದು ನನಗೆ ಯಾವತ್ತೂ ಬೆರಗೇ. ಬಲಗೈಯಲ್ಲಿ ತೂತು ಇದೆ, ನೋಡಿ. ಅಲ್ಲಿ ಲೋಹದ ಆಯುಧ ಇತ್ತು. ಸಂಘದವರು ತಮ್ಮ ಸರಕನ್ನೇ ಸಂತನಿಗೆ ತೊಡಿಸಿದ್ದರು. ಕೆಳಗಿನ ಉಬ್ಬುಶಿಲ್ಪವನ್ನು ಬಿಡಬೇಡಿ. ಕಲ್ಲನ್ನು ಬಹಳ ತೆಳುವಾಗಿ ಕೆರೆದು ಗುಹೆ, ಮಂಟಪ, ಮರ, ದೂರ ಎಲ್ಲ ಕಾಣಿಸಿದ್ದಾನೆ.

ದೆಲ್ಲಾ ರಾಬ್ಬಿಯಾ ಮನೆಯವರ ಬಿಳಿ-ನೀಲಿ ಮೆರುಗಿನ ಮಣ್ಣಿನ ಶಿಲ್ಪ, ದಂತದ ಕೆಲಸ, ವೆರೋಕಿಯೊನ ಡೇವಿಡ್ ಇನ್ನೂ ಇವೆ. ಒಂದೇ ಸಲಕ್ಕೆ ಎಲ್ಲ ನೋಡಲು ಹೋಗಬೇಡಿ. ಇಟಲಿಯಲ್ಲಿ ಗೈಡ್‌ಗೆ ಲೈಸೆನ್ಸ್ ಇರುತ್ತದೆ, ಕೇಳಿ ನೋಡಿ. ಚಿಕ್ಕ ಗುಂಪು ಆರಿಸಿ. ಎಂಟು ಹತ್ತು ಶಿಲ್ಪ ಸಾಕು ಅಂತ ಮೊದಲೇ ಹೇಳಿಬಿಡಿ. ಮ್ಯೂಸಿಯಂ ತೆರೆಯುವ ದಿನ, ಹೊತ್ತು ಬದಲಾಗುತ್ತಿರುತ್ತದೆ. ಅದನ್ನೂ ನೋಡಿಕೊಂಡು ಟಿಕೆಟ್ ತೆಗೆದುಕೊಳ್ಳಿ.

ಹೊರಗೆ ಬಂದ ಮೇಲೆ ಸ್ವಲ್ಪ ದೂರ ನಡೆದು ಓರ್ಸಾನ್ಮಿಕೇಲೆ ಚರ್ಚಿಗೆ ಹೋಗಿ. ಅದರ ಉತ್ತರ ಗೋಡೆಯಲ್ಲಿ ಸಂತ ಜಾರ್ಜ್ ನಿಂತಿದ್ದ ಗೂಡು ಇದೆ, ಈಗ ಅಲ್ಲಿ ನಕಲು ಇದೆ. ಪಕ್ಕದ ಗೂಡುಗಳಿಗಿಂತ ಇದು ಆಳ ಕಡಿಮೆ, ಯಾಕೆಂದರೆ ಹಿಂದೆ ಗೋಡೆಯೊಳಗೆ ಮೆಟ್ಟಿಲು ಇದೆ. ಜಾಗ ಸಾಲದ್ದರಿಂದ ದೊನಾತೆಲ್ಲೊ ಅವನನ್ನು ಬೀದಿಯ ಕಡೆಗೇ ಮುಂದೆ ತಂದು ನಿಲ್ಲಿಸಬೇಕಾಯಿತು.