ಎಷ್ಟು ಹೊತ್ತು ನೋಡಬೇಕು?

ಕೇಳುಗರೆಲ್ಲರಿಗೂ ನಮಸ್ಕಾರ. ಚಿತ್ರ ವಿಮರ್ಶೆಗಳ ಕೊನೆಯಲ್ಲಿ ಬರುವ ಒಂದು ಸಾಲು ನಿಮಗೂ ಬಾಯಿಪಾಠವಾಗಿರಬಹುದು: ‘ಸಂಕಲನಕಾರರು ಕತ್ತರಿಗೆ ಇನ್ನಷ್ಟು ಕೆಲಸ ಕೊಡಬಹುದಿತ್ತು.’ ಬೇಡದ್ದನ್ನು ಕತ್ತರಿಸಿ ಎಸೆಯುವುದಷ್ಟೇ ಸಂಕಲನ ಎಂದು ಬಹಳ ಮಂದಿ ನಂಬಿದ್ದಾರೆ. ಕೇಳಿ ಕೇಳಿ ನನಗೆ ಸಾಕಾಗಿದೆ. ಒಂದು ಶಾಟ್, ಅಂದರೆ ನಡುವೆ ಕತ್ತರಿಸದ ಒಂದು ತುಣುಕು, ತೆರೆಯ ಮೇಲೆ ಎಷ್ಟು ಹೊತ್ತು ನಿಲ್ಲಬೇಕು ಎಂದು ತೀರ್ಮಾನಿಸುವವರು ಸಂಕಲನಕಾರರು. ಇದೊಂದು ಮಾತನ್ನು ಇವತ್ತು ಮತ್ತೆ ಮತ್ತೆ ಹೇಳುತ್ತೇನೆ, ಬೇಸರಿಸಬೇಡಿ.

ಇಟಲಿಯ ನಿನೊ ಬರಾಲಿ ಅವರನ್ನೇ ನೋಡಿ. ಹುಟ್ಟಿದ್ದು ರೋಮ್‌ನಲ್ಲಿ, 1925ರಲ್ಲಿ, ತೀರಿಕೊಂಡದ್ದು 2013ರಲ್ಲಿ. ಸಂಕಲನ ಮಾಡಿದ ಚಿತ್ರಗಳು ಇನ್ನೂರಕ್ಕೂ ಹೆಚ್ಚು. 1960ರ ದಶಕದಲ್ಲಿ ಇಟಲಿಯವರು ಕೌಬಾಯ್ ಚಿತ್ರಗಳನ್ನು ಸಾಲುಸಾಲಾಗಿ ತೆಗೆಯುತ್ತಿದ್ದರು. ಚಿತ್ರೀಕರಣ ಬಹುಪಾಲು ಸ್ಪೇನಿನ ಬಯಲುಗಳಲ್ಲಿ. ಒಬ್ಬೊಬ್ಬ ನಟ ಒಂದೊಂದು ಭಾಷೆಯಲ್ಲಿ ಮಾತನಾಡಿದರೂ ಅಡ್ಡಿಯಿಲ್ಲ, ಡಬ್ಬಿಂಗ್ ಆಮೇಲೆ ಇದ್ದೇ ಇದೆ.

ಅಂಥದ್ದೇ ಒಂದು ಚಿತ್ರ, 1966ರಲ್ಲಿ ಸರ್ಜಿಯೊ ಲಿಯೋನೆ ನಿರ್ದೇಶಿಸಿದ ‘ದಿ ಗುಡ್, ದಿ ಬ್ಯಾಡ್ ಅಂಡ್ ದಿ ಅಗ್ಲಿ’ ಬಂತು. ಬರಾಲಿ ಮತ್ತು ಯುಜೇನಿಯೊ ಅಲಬೀಸೊ ಅದರ ಸಂಕಲನಕಾರರು. ಕೊನೆಯ ದೃಶ್ಯ ಒಂದು ಸ್ಮಶಾನದಲ್ಲಿ ನಡೆಯುತ್ತದೆ. ಸ್ಪೇನಿನ ಬುರ್ಗೋಸ್ ಪ್ರಾಂತ್ಯದಲ್ಲಿ ಅಲ್ಲಿನ ಸೈನಿಕರೇ ಸಾವಿರಾರು ಸಮಾಧಿಗಳ ಆ ಸೆಟ್ ಕಟ್ಟಿಕೊಟ್ಟರು. ನಡುವಿನ ವೃತ್ತದಲ್ಲಿ ಮೂವರು, ಸೊಂಟದಲ್ಲಿ ಬಂದೂಕು. ಯಾರು ಯಾರಿಗೆ ಗುರಿಯಿಡುತ್ತಾರೆ? ಯಾರೂ ಕದಲುವುದಿಲ್ಲ, ಮಾತಿಲ್ಲ. ಸಂಗೀತ ನಿರ್ದೇಶಕ ಎನ್ನಿಯೊ ಮೊರಿಕೋನೆ ಅವರ ತುತ್ತೂರಿ ಮಾತ್ರ ಏರುತ್ತ ಹೋಗುತ್ತದೆ. ಮೊದಲು ಬಹು ದೂರದಿಂದ ಮೂವರನ್ನೂ ಒಟ್ಟಿಗೆ ತೋರಿಸುತ್ತಾರೆ. ಆ ಶಾಟ್ ನಿಂತೇ ಇರುತ್ತದೆ. ಆಮೇಲೆ ಒಬ್ಬೊಬ್ಬರ ಮುಖ. ಬಂದೂಕಿನ ಹಿಡಿಯತ್ತ ಇಂಚಿಂಚಾಗಿ ಸರಿಯುವ ಬೆರಳು. ಮತ್ತೆ ಮುಖ, ಈ ಸಲ ಇನ್ನೂ ಹತ್ತಿರದಿಂದ. ಕೊನೆಗೆ ಬರೀ ಕಣ್ಣುಗಳು. ಹತ್ತಿರವಾದಂತೆಲ್ಲ ಶಾಟ್‌ಗಳ ಅಳತೆ ಕುಗ್ಗುತ್ತದೆ; ಸೆಕೆಂಡಿಗೆ 24 ಫ್ರೇಮ್, ಅಂದರೆ 24 ಬಿಡಿ ಚಿತ್ರ, ಓಡುವ ರೀಲಿನಲ್ಲಿ ಕೆಲವೇ ಫ್ರೇಮ್‌ಗಳ ತುಣುಕುಗಳು. ಗುಂಡು ಹಾರುವ ಹೊತ್ತಿಗೆ ನೀವು ಉಸಿರು ಬಿಗಿಹಿಡಿದಿರುತ್ತೀರಿ. ಕತೆಯಲ್ಲಿ ಅಷ್ಟೂ ಹೊತ್ತು ಏನೂ ನಡೆದಿಲ್ಲ! ನಡೆದದ್ದೆಲ್ಲ ಸಂಕಲನದ ಮೇಜಿನ ಮೇಲೆ. ಆ ಮೊದಲ ಶಾಟನ್ನು ಅವಸರಪಟ್ಟು ಮುಗಿಸಿದ್ದರೆ ಕೊನೆಯ ಕಣ್ಣುಗಳಿಗೆ ಆ ಬಲ ಬರುತ್ತಲೇ ಇರಲಿಲ್ಲ. ಎಷ್ಟು ಹೊತ್ತು? ಪ್ರಶ್ನೆ ಅಷ್ಟೇ.

ಇಷ್ಟು ಸಣ್ಣ ತುಣುಕುಗಳನ್ನು ಜೋಡಿಸಿ, ಬಿಚ್ಚಿ, ಮತ್ತೆ ಜೋಡಿಸಲು ಉಪಕರಣವೂ ಬೇಕಲ್ಲ. ಹಿಂದೆ ರೀಲನ್ನು ಫಿಲ್ಮ್ ಸಿಮೆಂಟ್ ಎಂಬ ಅಂಟಿನಿಂದ ಅಂಟಿಸುತ್ತಿದ್ದರು. ಬದಲಾಯಿಸಬೇಕಾದರೆ ಫ್ರೇಮ್ ಹಾಳು. ಇಟಲಿಯ ನಿರ್ದೇಶಕ ಫೆಲಿನಿಯವರ ಸಂಕಲನಕಾರ ಲಿಯೊ ಕಟೋಝೊ ಪಾರದರ್ಶಕ ಟೇಪಿನಿಂದ ಬೆಸೆಯುವ ಪುಟ್ಟ ಯಂತ್ರ ರೂಪಿಸಿದರು. ಟೇಪು ಕಿತ್ತರೆ ಫ್ರೇಮ್ ಹಾಗೇ ಉಳಿಯಿತು. ಪ್ರಯೋಗ ಮಾಡುವ ಧೈರ್ಯ ಬಂತು.

ಸಮಯ ಮುಗಿಯುತ್ತಾ ಬಂದಿದೆ. ಪಸೋಲಿನಿ, ಫೆಲಿನಿಯವರಂಥ ನಿರ್ದೇಶಕರಿಗೂ ಬರಾಲಿ ಸಂಕಲನ ಮಾಡಿದರು. ಅದೇ 1966ರ ‘ಜಾಂಗೊ’ ಚಿತ್ರಕ್ಕೂ ಅವರ ಕೈ ಇದೆ. ಒಂದು ಮಾತು ಮಾತ್ರ ಹೇಳಲೇಬೇಕು. 1984ರಲ್ಲಿ ಲಿಯೋನೆ ಅವರಿಗಾಗಿ ಅವರು ಸಂಕಲಿಸಿದ ‘ಒನ್ಸ್ ಅಪಾನ್ ಎ ಟೈಮ್ ಇನ್ ಅಮೆರಿಕ’ ಯುರೋಪಿನಲ್ಲಿ 229 ನಿಮಿಷ ಓಡಿತು. ಅಮೆರಿಕದ ವಿತರಕರಿಗೆ ಅಷ್ಟು ತಾಳ್ಮೆ ಇರಲಿಲ್ಲ. ಹಿಂದುಮುಂದಾಗಿ ಹೆಣೆದಿದ್ದ ಕತೆಯನ್ನು ಕಾಲಾನುಕ್ರಮಕ್ಕೆ ತಂದು, 139 ನಿಮಿಷಕ್ಕೆ ಇಳಿಸಿದರು. ಚಿತ್ರ ಅಲ್ಲಿ ಸೋತಿತು. ಎರಡೂ ನಿಮ್ಮ ಕೈಗೆ ಸಿಕ್ಕರೆ, ದಯವಿಟ್ಟು 229 ನಿಮಿಷದ್ದನ್ನೇ ನೋಡಿ. ನಮಸ್ಕಾರ.